ಮಗಳು ಗೊಂಬೆಯನ್ನು ಮಣ್ಣು ಮಾಡುವ ಆಟ ಆಡುತ್ತಾಳೆ, ತಡೆಯಬೇಕೇ?

ಪ್ರಶ್ನೆ: ನಾವು ದಾವಣಗೆರೆಯ ನಿಟ್ಟುವಳ್ಳಿಯವರು. ಮಗಳಿಗೆ ಐದು ವರ್ಷ ತುಂಬಿದೆ, ಯುಕೆಜಿಗೆ ಹೋಗುತ್ತಾಳೆ. ಮಗನಿಗೆ ಎರಡು ವರ್ಷ. ನಾಲ್ಕು ತಿಂಗಳ ಹಿಂದೆ ಮಾವನವರು ಹೃದಯಾಘಾತದಿಂದ ಮನೆಯಲ್ಲೇ ತೀರಿಕೊಂಡರು. ಮಗಳಿಗೆ ಅಜ್ಜನೆಂದರೆ ಪ್ರಾಣ. ದಿನಾ ಸಂಜೆ ಕೈಹಿಡಿದು ಕರೆದುಕೊಂಡು ಹೋಗಿ ಮಂಡಕ್ಕಿ ಕೊಡಿಸಿಕೊಂಡು ಬರುತ್ತಿದ್ದರು. ಅವರು ತೀರಿಕೊಂಡ ಹಿಂದಿನ ದಿನವೂ ಅವರ ಕನ್ನಡಕ ಬಚ್ಚಿಟ್ಟು ಸತಾಯಿಸಿದ್ದಳು, ನಾನು ಗದರಿದ್ದೆ. ನಮ್ಮಲ್ಲಿ ತೀರಿಕೊಂಡವರನ್ನು ಕೂರಿಸಿ, ವಿಭೂತಿ ಹಚ್ಚಿ, ಹೂವಿನಿಂದ ಅಲಂಕರಿಸಿ, ವಿಮಾನ ಕಟ್ಟಿ ಮೆರವಣಿಗೆ ಮಾಡಿ ಮಣ್ಣು ಮಾಡುತ್ತೇವೆ. ಅದೆಲ್ಲವನ್ನೂ ಅವಳು ಚಿಕ್ಕಪ್ಪನ ಹೆಗಲ ಮೇಲೆ ಕುಳಿತು ನೋಡಿದಳು. ಒಂದು ಹನಿ ಕಣ್ಣೀರು ಹಾಕಲಿಲ್ಲ. ಅಜ್ಜ ಎಲ್ಲಿ ಎಂದು ಕೇಳಿದಾಗ ‘ಊರಿಗೆ ಹೋಗಿದ್ದಾರೆ’ ಎಂದೆ. ಅತ್ತೆಯವರು ‘ಶಿವನ ಹತ್ತಿರ ಇದ್ದಾರೆ’ ಎಂದರು. ಮತ್ತೆ ಕೇಳಲಿಲ್ಲ.

ಈಗ ಎರಡು ತಿಂಗಳಿಂದ ಒಂದೇ ಆಟ. ಗೊಂಬೆಯನ್ನು ಗೋಡೆಗೆ ಒರಗಿಸಿ ಕೂರಿಸುತ್ತಾಳೆ, ಹಣೆಗೆ ಪೌಡರ್ ಬಳಿಯುತ್ತಾಳೆ, ಪೆನ್ನಿನಿಂದ ಕನ್ನಡಕ ಬರೆಯುತ್ತಾಳೆ, ದೇವರ ಮೇಲಿನ ಹೂ ತಂದು ಹಾಕುತ್ತಾಳೆ, ತಟ್ಟೆಯಲ್ಲಿ ಹೊತ್ತುಕೊಂಡು ಹೋಗಿ ಹೂಕುಂಡದ ಮಣ್ಣಿನಲ್ಲಿ ಹೂಳುತ್ತಾಳೆ. ಸ್ವಲ್ಪ ಹೊತ್ತಿಗೆ ತೆಗೆದು ಮತ್ತೆ ಹೂಳುತ್ತಾಳೆ. ಅತ್ತೆಯವರು ಇದು ಅಪಶಕುನ, ಮನೆಯಲ್ಲಿ ಇನ್ನೊಂದು ಸಾವಾಗುತ್ತದೆ ಎಂದು ಒಮ್ಮೆ ಗೊಂಬೆ ಕಿತ್ತುಕೊಂಡು ಹೊಡೆದರು. ಈಗ ಮೆಟ್ಟಿಲ ಕೆಳಗೆ ಅವಿತು ಆಡುತ್ತಾಳೆ. ತಮ್ಮನನ್ನು ಚಿವುಟುತ್ತಾಳೆ. ಮೂರು ವರ್ಷಕ್ಕೇ ನಿಂತಿದ್ದ ಹಾಸಿಗೆ ಒದ್ದೆ ಮಾಡುವುದು ಮತ್ತೆ ಶುರುವಾಗಿದೆ. ಯಜಮಾನರು ರಗಳೆ ಬೇಡವೆಂದು ಮೊಬೈಲ್ ಕೊಟ್ಟು ಕೂರಿಸುತ್ತಾರೆ. ಅತ್ತೆಯವರು ಅಂತ್ರ ಕಟ್ಟಿಸೋಣ ಎನ್ನುತ್ತಾರೆ. ಪಕ್ಕದ ಮನೆಯವರು ಸಿಟ್ಟು ಬಂದಾಗ ದಿಂಬಿಗೆ ಹೊಡೆಯಲು ಬಿಡಿ, ಎಲ್ಲ ಹೊರಗೆ ಹೋಗುತ್ತದೆ ಎನ್ನುತ್ತಾರೆ. ನನ್ನ ಮಗುವಿಗೆ ಏನಾಗಿದೆ? ಈ ಆಟ ಬಿಡಿಸುವುದು ಹೇಗೆ?

ಉತ್ತರ: ತಾಯಿ, ನೇರವಾಗಿ ಹೇಳಿಬಿಡುತ್ತೇನೆ. ಈ ಆಟವನ್ನು ಬಿಡಿಸಬೇಡಿ. ನಿಮ್ಮ ಮಗಳು ಅಜ್ಜನ ಬಗ್ಗೆ ಮನೆಯವರೊಡನೆ ಮಾತನಾಡುವುದನ್ನು ನಿಲ್ಲಿಸಿದ್ದಾಳೆ, ಏಕೆಂದರೆ ಕೇಳಿದಾಗ ಸಿಕ್ಕ ಉತ್ತರ ಅವಳು ಕಣ್ಣಾರೆ ಕಂಡದ್ದಕ್ಕೆ ಹೊಂದಲಿಲ್ಲ. ಈಗ ಅವಳಿಗೆ ಉಳಿದಿರುವ ಮಾತು ಈ ಆಟವೊಂದೇ. ಅದನ್ನೂ ಕಿತ್ತುಕೊಂಡರೆ ಅವಳೊಳಗೆ ಇರುವುದು ಇಲ್ಲವಾಗುವುದಿಲ್ಲ, ನಿಮಗೆ ಕಾಣುವುದು ಮಾತ್ರ ನಿಲ್ಲುತ್ತದೆ. ಮೆಟ್ಟಿಲ ಕೆಳಗೆ ಅದು ಆಗಲೇ ಶುರುವಾಗಿದೆ. ನಿಮ್ಮ ಪತ್ರದಲ್ಲಿ ನನಗೆ ಹೆಚ್ಚು ಚಿಂತೆ ತಂದದ್ದು ಗೊಂಬೆಯನ್ನು ಹೂಳುವ ಆಟವಲ್ಲ, ಅದನ್ನು ಅವಿತು ಆಡಬೇಕಾಗಿ ಬಂದಿರುವುದು.

ಐದು ವರ್ಷದ ಮಕ್ಕಳು ದೊಡ್ಡದೇನನ್ನಾದರೂ ಕಂಡರೆ ಅದನ್ನು ಆಡಿಯೇ ತಿಳಿದುಕೊಳ್ಳುತ್ತಾರೆ. ನಮ್ಮ ಊರಿನಲ್ಲಿ ದುಗ್ಗಮ್ಮನ ಜಾತ್ರೆ ಮುಗಿದ ಮೇಲೆ ಓಣಿಯ ಮಕ್ಕಳನ್ನು ನೋಡಿ. ಹಲಗೆಯ ಬದಲು ಡಬ್ಬ ಬಡಿಯುತ್ತಾ ಅಮ್ಮನನ್ನು ಹೊತ್ತುಕೊಂಡು ಹೋಗುವ ಆಟ ವಾರಗಟ್ಟಲೆ ನಡೆಯುತ್ತದೆ. ಮದುವೆಗೆ ಹೋಗಿ ಬಂದರೆ ಗೊಂಬೆಗೆ ಮದುವೆ, ಲಸಿಕೆ ಹಾಕಿಸಿಕೊಂಡು ಬಂದರೆ ಮನೆಮಂದಿಗೆಲ್ಲ ಕಡ್ಡಿಯ ಸೂಜಿ. ಸೂಜಿ ಚುಚ್ಚಿಸಿಕೊಂಡಾಗ ಕೈ ಹಿಡಿದವರು ಬೇರೆಯವರು, ಅತ್ತವಳು ತಾನು. ಆಟದಲ್ಲಿ ಸೂಜಿ ತನ್ನ ಕೈಯಲ್ಲಿದೆ, ಯಾವಾಗ ಚುಚ್ಚಬೇಕು, ಯಾವಾಗ ನಿಲ್ಲಿಸಬೇಕು ಎಂಬುದು ತನ್ನ ಇಷ್ಟ. ಆಟದಲ್ಲಿ ಮಗುವಿಗೆ ಸಿಗುವುದು ಈ ಹಿಡಿತ. ಸಾವಿನ ಮನೆಯಲ್ಲಿ ಅವಳು ಯಾರದೋ ಹೆಗಲ ಮೇಲಿದ್ದಳು, ಯಾರೂ ಅವಳಿಗೆ ಏನನ್ನೂ ಹೇಳುತ್ತಿರಲಿಲ್ಲ. ಆಟದಲ್ಲಿ ಆ ದಿನ ಅವಳ ಅಂಗೈಯಲ್ಲಿದೆ.

ಅವಳು ಅಳದಿದ್ದುದಕ್ಕೂ ಇಲ್ಲೇ ಉತ್ತರವಿದೆ. ‘ಚಿಕ್ಕವಳು, ಅವಳಿಗೇನು ತಿಳಿಯುತ್ತದೆ’ ಎಂದು ಹಿರಿಯರು ಹೇಳುತ್ತಾರೆ. ಚಿಕಿತ್ಸೆಗೆಂದು ನನ್ನ ಕೋಣೆಗೆ ಬರುವ ಮಕ್ಕಳಲ್ಲಿ ಸಾವಿನ ದಿನ ಅತ್ತವರು ಕಡಿಮೆ. ದೊಡ್ಡವರೆಲ್ಲ ಗೋಳಾಡುವಾಗ ಮಗು ದಿಗಿಲಿನಿಂದ ಅವರ ಮುಖವನ್ನೇ ನೋಡುತ್ತಿರುತ್ತದೆ. ಸಣ್ಣ ಮಕ್ಕಳ ದುಃಖ ತುಂಡುತುಂಡಾಗಿ ಬರುತ್ತದೆ: ಐದು ನಿಮಿಷ ಮಂಕು, ಮರುಕ್ಷಣ ನಗು, ರಾತ್ರಿ ಹಾಸಿಗೆ ಒದ್ದೆ. ನಗುತ್ತಿದ್ದಾಳೆಂದರೆ ಮರೆತಿದ್ದಾಳೆ ಎಂದು ತಿಳಿಯಬಾರದು.

ಅವಳಿಗೆ ಏನು ತಿಳಿದಿದೆ, ಏನು ತಿಳಿದಿಲ್ಲ ಎಂಬುದನ್ನು ಸ್ವಲ್ಪ ಬಿಡಿಸಿ ನೋಡೋಣ. ಸಾವು ಎಂದರೆ ಮೂರು ಸಂಗತಿಗಳು ಮಗುವಿನ ಬುದ್ಧಿಗೆ ಎಟುಕಬೇಕು. ಸತ್ತವರು ತಿರುಗಿ ಬರುವುದಿಲ್ಲ. ಸತ್ತ ದೇಹಕ್ಕೆ ಉಸಿರು, ಹಸಿವು, ನೋವು, ಕತ್ತಲೆಯ ಭಯ ಯಾವುದೂ ಇರುವುದಿಲ್ಲ. ಒಂದಲ್ಲ ಒಂದು ದಿನ ಎಲ್ಲರಿಗೂ ಇದು ಬರುತ್ತದೆ. ಹೆಚ್ಚಿನ ಮಕ್ಕಳಿಗೆ ಇವು ಐದರಿಂದ ಏಳು ವರ್ಷದೊಳಗೆ ಒಂದೊಂದಾಗಿ ತಿಳಿಯುತ್ತವೆ. ನಿಮ್ಮ ಮಗಳು ಸರಿಯಾಗಿ ಆ ಹೊಸ್ತಿಲ ಮೇಲಿದ್ದಾಳೆ. ಅವಳ ಕಣ್ಣಿನಿಂದ ಆ ದಿನವನ್ನು ನೋಡಿ. ಅಜ್ಜ ಮಲಗಿರಲಿಲ್ಲ, ಕುಳಿತಿದ್ದರು. ಹಣೆ ತುಂಬ ವಿಭೂತಿ, ಕೊರಳಲ್ಲಿ ಹಾರ, ಸುತ್ತ ಭಜನೆ. ಹಬ್ಬದ ದಿನ ಪೂಜೆಗೆ ಕುಳಿತಾಗಲೂ ಅವರು ಹೀಗೆಯೇ ಇದ್ದಿರಬೇಕು. ಕುಳಿತವರನ್ನು ಕುಳಿತಂತೆಯೇ ಗುಂಡಿಯಲ್ಲಿಳಿಸಿ ಎಲ್ಲರೂ ಮಣ್ಣು ಹಾಕಿದರು. ಮನೆಗೆ ಬಂದು ಕೇಳಿದರೆ ಅಮ್ಮ ಊರಿಗೆ ಹೋಗಿದ್ದಾರೆ ಎನ್ನುತ್ತಾಳೆ. ಮಣ್ಣಿನೊಳಗೆ ಉಸಿರಾಡುವುದು ಹೇಗೆ? ಕತ್ತಲೆಯಾಗುವುದಿಲ್ಲವೇ? ಊರಿಗೆ ಹೋದವರು ಹಬ್ಬಕ್ಕೂ ಏಕೆ ಬರಲಿಲ್ಲ? ನನಗೆ ಹೇಳದೆ ಏಕೆ ಹೋದರು? ಅವಳು ಹೂತ ಗೊಂಬೆಯನ್ನು ಮತ್ತೆ ಮತ್ತೆ ತೆಗೆದು ನೋಡುತ್ತಿದ್ದಾಳಲ್ಲ, ಈ ಪ್ರಶ್ನೆಗಳನ್ನೇ ತನ್ನ ಕೈಗಳಿಂದ ಕೇಳುತ್ತಿದ್ದಾಳೆ ಎಂದು ನನಗೆ ಅನಿಸುತ್ತದೆ.

ಇನ್ನು ಆ ಕನ್ನಡಕ. ನೀವು ಎರಡು ಕಡೆ ಅದರ ಮಾತು ಬರೆದಿದ್ದೀರಿ, ಒಂದಕ್ಕೊಂದು ಸಂಬಂಧ ಕಲ್ಪಿಸಿಲ್ಲ. ಹಿಂದಿನ ದಿನ ಅವಳು ಅಜ್ಜನ ಕನ್ನಡಕ ಬಚ್ಚಿಟ್ಟು ಬೈಸಿಕೊಂಡಿದ್ದಳು. ಈಗ ಹೂಳುವ ಮೊದಲು ಪ್ರತಿ ಸಲವೂ ಗೊಂಬೆಗೆ ಕನ್ನಡಕ ಬರೆಯುತ್ತಾಳೆ. ಈ ವಯಸ್ಸಿನ ಮಕ್ಕಳು ತಮ್ಮ ತುಂಟತನ, ತಮ್ಮ ಸಿಟ್ಟು, ಮನಸ್ಸಿನಲ್ಲಿ ಅಂದುಕೊಂಡ ಒಂದು ಕೆಟ್ಟ ಮಾತು ಜಗತ್ತಿನಲ್ಲಿ ದೊಡ್ಡ ಅನಾಹುತ ಮಾಡಬಲ್ಲದು ಎಂದು ನಿಜವಾಗಿಯೂ ನಂಬುತ್ತಾರೆ. ತನ್ನಿಂದಲೇ ಅಜ್ಜ ಹೋದರು ಎಂಬ ಹೊರೆ ಹೊತ್ತು ತಿಂಗಳುಗಟ್ಟಲೆ ಬಾಯಿ ಬಿಡದ ಮಕ್ಕಳನ್ನು ನಾನು ನೋಡುತ್ತಲೇ ಇರುತ್ತೇನೆ. ಆದರೆ ಇದು ನನ್ನ ಊಹೆ. ಅಜ್ಜ ಯಾವಾಗಲೂ ಕನ್ನಡಕ ಹಾಕುತ್ತಿದ್ದರು, ಅದಕ್ಕೇ ಬರೆಯುತ್ತಿರಬಹುದು. ಆದ್ದರಿಂದ ‘ಕನ್ನಡಕ ಬಚ್ಚಿಟ್ಟಿದ್ದಕ್ಕೆ ಬೇಜಾರಾ ಪುಟ್ಟಿ?’ ಎಂದು ಮಗುವನ್ನು ಕೇಳಬೇಡಿ. ಇಲ್ಲದ ತಪ್ಪನ್ನು ನೀವೇ ಅವಳ ತಲೆಯಲ್ಲಿ ಇಟ್ಟಂತಾಗುತ್ತದೆ. ಊಹೆ ಸರಿಯೋ ತಪ್ಪೋ, ಸಾವು ಕಂಡ ಪ್ರತಿಯೊಂದು ಮಗುವಿಗೂ ಹೇಳಬೇಕಾದ ಮಾತೊಂದಿದೆ, ಅದನ್ನು ಹೇಳಿ. ಅದು ಮುಂದೆ ಬರುತ್ತದೆ.

ನಿಮ್ಮ ಅತ್ತೆಯವರ ವಿಚಾರಕ್ಕೆ ಬರುತ್ತೇನೆ. ಅಪಶಕುನ ಎಂಬ ಮಾತಿಗೆ ನನ್ನ ಉತ್ತರ ಸ್ಪಷ್ಟ: ಮಗುವಿನ ಆಟದಿಂದ ಯಾರಿಗೂ ಸಾವು ಬರುವುದಿಲ್ಲ. ಆದರೆ ಅವರೊಡನೆ ಇದನ್ನು ವಾದ ಮಾಡಿ ಗೆಲ್ಲಲು ಹೋಗಬೇಡಿ. ಅವರು ಗಂಡನನ್ನು ಕಳೆದುಕೊಂಡು ನಾಲ್ಕು ತಿಂಗಳಾಗಿದೆ. ಬಾಳಿನ ಅತ್ಯಂತ ಕಠಿಣ ದಿನವನ್ನು ಮೊಮ್ಮಗಳು ಪಡಸಾಲೆಯಲ್ಲಿ ದಿನಾ ಕಣ್ಣೆದುರು ತಂದು ನಿಲ್ಲಿಸುತ್ತಿದ್ದಾಳೆ. ಆ ಏಟಿನ ಹಿಂದೆ ಇದ್ದುದು ಮಗುವಿನ ಮೇಲಿನ ದ್ವೇಷವಲ್ಲ, ತಡೆಯಲಾಗದ ಸಂಕಟ. ‘ಅತ್ತೆ, ಅವಳಿಗೂ ಅಜ್ಜನ ನೆನಪು ಬಿಡುತ್ತಿಲ್ಲ, ನಿಮಗೆ ನೋಡಲು ಕಷ್ಟವಾದರೆ ಒಳಕೋಣೆಯಲ್ಲಿ ನಾನು ಜೊತೆಗಿದ್ದು ಆಡಿಸುತ್ತೇನೆ’ ಎಂದು ಹೇಳಿ ನೋಡಿ. ಜಾಗ ಬದಲಾದರೆ ತಪ್ಪಿಲ್ಲ. ಅವಿತು ಆಡುವುದಕ್ಕೂ ಅಮ್ಮನ ಜೊತೆ ಒಳಕೋಣೆಯಲ್ಲಿ ಆಡುವುದಕ್ಕೂ ತುಂಬ ಅಂತರವಿದೆ. ದೇವರ ಮೇಲಿನ ಹೂವಿನ ಬದಲು ಬೇರೆ ಹೂ ಕೊಟ್ಟರೆ ಅವರ ಅರ್ಧ ನೋವು ಕಡಿಮೆಯಾಗುತ್ತದೆ. ಅಂತ್ರ ಕಟ್ಟಿಸುತ್ತೇನೆ ಎಂದರೆ ದಾರ ಕಟ್ಟುವುದರಿಂದ ಹಾನಿಯಿಲ್ಲ, ಅದರಿಂದ ಅವರ ಮನಸ್ಸಿಗೆ ನೆಮ್ಮದಿ ಸಿಗುವುದಾದರೆ ಕಟ್ಟಲಿ. ‘ನಿನಗೆ ಗಾಳಿ ಸೋಕಿದೆ, ಅಜ್ಜ ಹಿಡಿದುಕೊಂಡಿದ್ದಾರೆ’ ಎಂಬ ಮಾತು ಮಾತ್ರ ಮಗುವಿನ ಕಿವಿಗೆ ಬೀಳಕೂಡದು. ಪ್ರೀತಿಯ ಅಜ್ಜನನ್ನೇ ಅದು ಭಯದ ವಸ್ತು ಮಾಡುತ್ತದೆ. ಹೊಗೆ ಹಾಕುವುದು, ಬರೆ ಹಾಕುವುದು, ಉಪವಾಸ ಕೆಡಹುವುದು ಇಂಥವಕ್ಕೆ ಯಾರಾದರೂ ಹೇಳಿದರೆ ಖಡಾಖಂಡಿತವಾಗಿ ಒಪ್ಪಬೇಡಿ.

ಪಕ್ಕದ ಮನೆಯವರ ದಿಂಬಿನ ಸಲಹೆ ಒಳ್ಳೆಯ ಮನಸ್ಸಿನಿಂದ ಬಂದದ್ದು, ಬಹಳ ಕಡೆ ಕೇಳಿಬರುತ್ತದೆ. ಹೊಡೆದರೆ ಸಿಟ್ಟು ಖಾಲಿಯಾಗುತ್ತದೆ ಎಂಬ ನಂಬಿಕೆ ಪರೀಕ್ಷೆಯಲ್ಲಿ ನಿಂತಿಲ್ಲ. ಅಮೆರಿಕದ ಕಾಲೇಜು ವಿದ್ಯಾರ್ಥಿಗಳ ಮೇಲೆ ನಡೆಸಿ 2002ರಲ್ಲಿ ಪ್ರಕಟಿಸಿದ ಪ್ರಯೋಗವೊಂದರಲ್ಲಿ, ತಮ್ಮನ್ನು ಕೆಣಕಿದವರನ್ನು ನೆನೆಯುತ್ತಾ ಗುದ್ದುಚೀಲಕ್ಕೆ ಗುದ್ದಿದವರು ಸುಮ್ಮನೆ ಕುಳಿತವರಿಗಿಂತ ಹೆಚ್ಚು ಸಿಟ್ಟಿನಲ್ಲಿದ್ದರು. ದೊಡ್ಡವರ ಮೇಲಿನ ಪ್ರಯೋಗವಾದರೂ, ಹೊಡೆಯುವುದನ್ನು ಅಭ್ಯಾಸ ಮಾಡಿಸಿದರೆ ಮಕ್ಕಳೂ ಕಲಿಯುವುದು ಹೊಡೆಯುವುದನ್ನೇ ಎಂಬುದು ನನ್ನ ಅನುಭವ. ಆಟದ ಕಥೆಯೊಳಗೆ ಹುಲಿ ಗರ್ಜಿಸುವುದು, ರಾಕ್ಷಸ ಬೈಯುವುದು ಬೇರೆ. ಅಲ್ಲಿ ಸಿಟ್ಟಿಗೆ ಒಂದು ಮುಖ, ಒಂದು ಕಾರಣ, ಒಂದು ಮುಂದಿನ ಘಟನೆ ಇರುತ್ತದೆ.

ಮೊಬೈಲ್ ಬಗ್ಗೆ ನಿಮ್ಮ ಯಜಮಾನರಿಗೆ ಒಂದು ಮಾತು. ರಗಳೆಯಾದಾಗಲೆಲ್ಲ ಮೊಬೈಲ್ ಕೊಟ್ಟರೆ ಆ ಕ್ಷಣ ಮನೆ ಶಾಂತವಾಗುತ್ತದೆ, ನಿಜ. ಮಗು ತನ್ನ ಸಂಕಟವನ್ನು ತಾನೇ ಸಂಭಾಳಿಸಲು ಕಲಿಯುವ ಅವಕಾಶ ಮಾತ್ರ ಪ್ರತಿ ಸಲವೂ ತಪ್ಪಿಹೋಗುತ್ತದೆ. ಪೂರ್ತಿ ನಿಲ್ಲಿಸಿ ಎನ್ನುವುದಿಲ್ಲ. ಹಿತವಾಗಿರುವಾಗ ಹೊತ್ತು ಗೊತ್ತುಮಾಡಿ ಕೊಡಿ, ಅಳುವಾಗ ಬಾಯಿ ಮುಚ್ಚಿಸಲು ಕೊಡಬೇಡಿ.

ಈಗ ಮಾಡಬೇಕಾದ ಕೆಲಸ. ಆಟಕ್ಕಿಂತ ಮೊದಲು ನಿಜ ಹೇಳಬೇಕು. ಸಮಾಚಾರವೇ ಇಲ್ಲದ ಮಗು ಎಷ್ಟು ಆಡಿದರೂ ಅದೇ ಜಾಗಕ್ಕೆ ಬಂದು ನಿಲ್ಲುತ್ತದೆ. ಮಲಗುವ ಹೊತ್ತಿನಲ್ಲಿ ಬೇಡ, ಹಗಲು ಹೊತ್ತಿನಲ್ಲಿ, ನೀವೂ ಯಜಮಾನರೂ ಇಬ್ಬರೂ ಇದ್ದಾಗ, ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಹೀಗೆ ಹೇಳಬಹುದು: ‘ಅಜ್ಜ ಊರಿಗೆ ಹೋಗಿದ್ದಾರೆ ಎಂದು ಹೇಳಿದ್ದೆ. ಅದು ಸರಿಯಲ್ಲ. ಅಜ್ಜ ಸತ್ತುಹೋದರು. ಅವರ ಹೃದಯಕ್ಕೆ ಜೋರು ಕಾಯಿಲೆಯಾಗಿ ಬಡಿಯುವುದು ನಿಂತಿತು. ಉಸಿರೂ ನಿಂತಿತು. ಈಗ ಅವರ ಮೈಗೆ ನೋವಾಗುವುದಿಲ್ಲ, ಹಸಿವಾಗುವುದಿಲ್ಲ, ಕತ್ತಲೆ ಎನ್ನಿಸುವುದಿಲ್ಲ. ಸತ್ತವರು ತಿರುಗಿ ಬರುವುದಿಲ್ಲ. ನೀನು ಮಾಡಿದ್ದರಿಂದಾಗಲಿ, ಹೇಳಿದ್ದರಿಂದಾಗಲಿ, ಅಂದುಕೊಂಡಿದ್ದರಿಂದಾಗಲಿ ಅಜ್ಜ ಸಾಯಲಿಲ್ಲ. ಅಮ್ಮ ಬೈದಿದ್ದರಿಂದಲೂ ಅಲ್ಲ. ನಮಗೆಲ್ಲ ತುಂಬ ಬೇಜಾರಾಗಿದೆ.’ ಇಷ್ಟೇ. ‘ಮಲಗಿದ್ದಾರೆ’ ಎನ್ನಬೇಡಿ, ನಿದ್ದೆಗೆ ಹೆದರುವ ಮಕ್ಕಳಾಗುತ್ತಾರೆ. ‘ಒಳ್ಳೆಯವರನ್ನು ದೇವರು ಬೇಗ ಕರೆದುಕೊಳ್ಳುತ್ತಾನೆ’ ಎನ್ನಬೇಡಿ, ಒಳ್ಳೆಯವಳಾಗಿರಲು ಹೆದರುವ ಮಕ್ಕಳೂ ಇದ್ದಾರೆ. ಅಜ್ಜ ಶಿವನಲ್ಲಿ ಸೇರಿದ್ದಾರೆ ಎನ್ನುವುದು ನಿಮ್ಮ ಮನೆಯ ನಂಬಿಕೆ, ಅದನ್ನು ಅತ್ತೆಯವರು ಖಂಡಿತ ಹೇಳಲಿ. ದೇಹದ ಸಂಗತಿ ಮೊದಲು ತಿಳಿದಿದ್ದರೆ ಆ ನಂಬಿಕೆ ಮಗುವಿಗೆ ಆಸರೆಯಾಗುತ್ತದೆ, ಗೊಂದಲವಾಗುವುದಿಲ್ಲ.

ಇದರಲ್ಲಿ ಅಪಾಯವೇ ಇಲ್ಲವೆಂದಲ್ಲ. ಅಂದು ರಾತ್ರಿ ಅವಳು ಅಳಬಹುದು, ನಿಮ್ಮನ್ನು ಬಿಟ್ಟಿರಲು ಒಪ್ಪದಿರಬಹುದು, ‘ನೀನೂ ಸಾಯುತ್ತೀಯಾ?’ ಎಂದು ಕೇಳಬಹುದು. ‘ಎಲ್ಲರೂ ಒಂದು ದಿನ ಸಾಯುತ್ತಾರೆ. ನಾನು ಗಟ್ಟಿಯಾಗಿದ್ದೇನೆ, ನೀನು ದೊಡ್ಡವಳಾಗುವವರೆಗೂ ನಿನ್ನ ಜೊತೆಗೆ ಇರುತ್ತೇನೆ ಎಂದುಕೊಂಡಿದ್ದೇನೆ. ನಿನ್ನನ್ನು ನೋಡಿಕೊಳ್ಳಲು ಅಪ್ಪ, ಅಜ್ಜಿ, ಚಿಕ್ಕಪ್ಪ ಎಲ್ಲರೂ ಇದ್ದಾರೆ’ ಎನ್ನಿ. ಅದೇ ಪ್ರಶ್ನೆ ಹತ್ತು ಸಲ ಬಂದರೆ ಹತ್ತು ಸಲವೂ ಅದೇ ಉತ್ತರ ಕೊಡಿ.

ಆಮೇಲೆ ಆಟ. 1940ರ ದಶಕದಲ್ಲಿ ವರ್ಜೀನಿಯಾ ಆಕ್ಸ್‌ಲೈನ್ ಎಂಬ ಅಮೆರಿಕದ ಮನಃಶಾಸ್ತ್ರಜ್ಞೆ ಆಟದ ಚಿಕಿತ್ಸೆಗೆ ಒಂದು ನೆಲೆ ಹಾಕಿಕೊಟ್ಟರು: ದಾರಿ ತೋರಿಸುವುದು ಮಗು, ಹಿಂಬಾಲಿಸುವುದು ದೊಡ್ಡವರು. 1960ರ ದಶಕದಲ್ಲಿ ಅಮೆರಿಕದವರೇ ಆದ ಮನಃಶಾಸ್ತ್ರಜ್ಞ ಗರ್ನಿ ದಂಪತಿ ಇದನ್ನೇ ತಂದೆತಾಯಿಗೆ ಕಲಿಸಲು ಶುರುಮಾಡಿದರು. 2005ರಲ್ಲಿ 93 ಅಧ್ಯಯನಗಳನ್ನು ಒಟ್ಟುಗೂಡಿಸಿ ನೋಡಿದಾಗ, ಆಟದ ಚಿಕಿತ್ಸೆಯಿಂದ ಮಕ್ಕಳಿಗೆ ಪ್ರಯೋಜನವಿದೆ ಎಂಬುದೂ, ತರಬೇತಿ ಪಡೆದ ತಂದೆತಾಯಿ ನಡೆಸಿದಾಗ ಆ ಪ್ರಯೋಜನ ಇನ್ನೂ ಹೆಚ್ಚು ಎಂಬುದೂ ಕಂಡುಬಂತು. ನೀವು ಮನೆಯಲ್ಲಿ ಮಾಡುವುದು ಚಿಕಿತ್ಸೆಯಲ್ಲ, ಆದರೆ ಅದರ ಮುಖ್ಯ ಗುಣವನ್ನು ತೆಗೆದುಕೊಳ್ಳಬಹುದು.

ವಾರಕ್ಕೆ ಮೂರು ನಾಲ್ಕು ದಿನ, ತಮ್ಮ ಮಲಗಿರುವ ಹೊತ್ತಿನಲ್ಲಿ, ಇಪ್ಪತ್ತು ನಿಮಿಷ ಸಾಕು. ಒಂದು ಚಾಪೆ ಹಾಸಿ. ನಿಮ್ಮ ಮೊಬೈಲ್ ಇನ್ನೊಂದು ಕೋಣೆಯಲ್ಲಿರಲಿ. ಸಾಮಾನಿಗೆ ದುಡ್ಡು ಖರ್ಚು ಮಾಡಬೇಡಿ. ಮನೆಯವರಷ್ಟೇ ಸಂಖ್ಯೆಯ ಬಟ್ಟೆಗೊಂಬೆಗಳು, ಸಣ್ಣ ಅಡುಗೆ ಪಾತ್ರೆ, ಖಾಲಿ ಬೆಂಕಿಪೊಟ್ಟಣ, ಬಣ್ಣದ ಸೀಮೆಸುಣ್ಣ, ಒಂದು ಹುಲಿಯೋ ನಾಯಿಯೋ, ಒಂದು ಬೋಗುಣಿ ಎರೆಮಣ್ಣು. ಮಣ್ಣೆತ್ತಿನ ಅಮಾವಾಸ್ಯೆಗೆ ಎತ್ತು ಮಾಡುವ ಮಣ್ಣೇ ಆಗಬಹುದು. ಮಣ್ಣು ಸಿಗದಿದ್ದರೆ ನಾದಿದ ಹಿಟ್ಟು. ಮಕ್ಕಳ ಕೈಗೆ ಮೆತ್ತನೆಯದೇನಾದರೂ ಸಿಕ್ಕರೆ ಬಾಯಿ ತಾನಾಗಿ ಸಡಿಲಗೊಳ್ಳುತ್ತದೆ, ಇದನ್ನು ನಾನು ದಿನವೂ ಕಾಣುತ್ತೇನೆ. ಕೊನೆಯದಾಗಿ ಒಂದಷ್ಟು ಮಂಡಕ್ಕಿಯನ್ನೂ ಇಡಿ. ಅಜ್ಜನ ಜೊತೆಗಿನ ಅವಳ ಸಂಜೆಗಳು ಅದರಲ್ಲಿವೆ. ಆಟ ಯಾವಾಗಲೂ ಸಾವಿನ ಕಡೆಗೇ ಹೋಗಬೇಕಾಗಿಲ್ಲ, ಅಂಗಡಿಯ ಕಡೆಗೂ ಹೋಗಬಹುದು.

ಅವಳು ಗೊಂಬೆಯನ್ನು ಕೂರಿಸುತ್ತಾಳೆ ಎಂದುಕೊಳ್ಳಿ. ನಿಮಗೆ ‘ಇದು ಯಾರು? ಅಜ್ಜನಾ? ಯಾಕೆ ಹೀಗೆ ಆಡುತ್ತೀಯಾ?’ ಎಂದು ಕೇಳುವ ಆಸೆಯಾಗುತ್ತದೆ. ಕೇಳಬೇಡಿ. ಕಂಡದ್ದನ್ನು ಮಾತ್ರ ಹೇಳಿ.

‘ಇವರನ್ನು ಗೋಡೆಗೆ ಒರಗಿಸಿ ಕೂರಿಸಿದೆ. ಹಣೆಗೆ ಬಿಳಿ ಹಚ್ಚಿದೆ.’

ಅವಳು ಸುಮ್ಮನೆ ಹೂ ಹಾಕುತ್ತಾಳೆ.

‘ಎಲ್ಲರೂ ಸುತ್ತ ನಿಂತಿದ್ದಾರೆ. ಈ ಪುಟ್ಟ ಗೊಂಬೆ ಒಂದೇ ದೂರದಲ್ಲಿದೆ. ಅದಕ್ಕೆ ಹೆದರಿಕೆಯಾಗಿರಬಹುದು.’

‘ಹೆದರಿಕೆ ಅಲ್ಲ, ಅದಕ್ಕೆ ಕಾಣಿಸುತ್ತಿಲ್ಲ’ ಎಂದು ಅವಳು ತಿದ್ದಬಹುದು.

‘ಓ, ಕಾಣಿಸುತ್ತಿಲ್ಲ.’

ಅಷ್ಟೇ. ಅವಳು ತಿದ್ದಿದಳೆಂದರೆ ಆಟ ಸರಿಯಾದ ದಾರಿಯಲ್ಲಿದೆ ಎಂದು ತಿಳಿಯಿರಿ. ಮಾತು ಗೊಂಬೆಯ ಬಗ್ಗೆಯೇ ಇರಲಿ, ಅವಳ ಬಗ್ಗೆ ಬೇಡ. ಗೊಂಬೆಗೆ ಸಿಟ್ಟು ಬಂದಿದೆ ಎಂದರೆ ಮಗು ತಲೆಯಾಡಿಸುತ್ತದೆ, ನಿನಗೆ ಸಿಟ್ಟು ಬಂದಿದೆಯೇ ಎಂದರೆ ‘ಇಲ್ಲ’ ಎಂದು ಎದ್ದುಹೋಗುತ್ತದೆ. ತಾಯಂದಿರು ಇಲ್ಲಿ ಎಡವುವುದು ಸಾಮಾನ್ಯವಾಗಿ ಎರಡು ಕಡೆ. ಒಂದು, ಕಥೆಗೆ ತಾವೇ ಸುಖಾಂತ್ಯ ಕೊಡುತ್ತಾರೆ: ‘ನೋಡು, ಅಜ್ಜ ಎದ್ದು ಬಂದರು!’ ದಯವಿಟ್ಟು ಬೇಡ, ನೀವು ಈಗಷ್ಟೇ ಹೇಳಿದ ನಿಜವನ್ನು ಅದು ಅಳಿಸಿಬಿಡುತ್ತದೆ. ಅವಳೇ ಗೊಂಬೆಯನ್ನು ಎಬ್ಬಿಸಿದರೆ ಎಬ್ಬಿಸಲಿ, ‘ಅವರು ಎದ್ದು ಬಂದರೆ ಚೆನ್ನಾಗಿರುತ್ತಿತ್ತು’ ಎಂದರೆ ಸಾಕು. ಇನ್ನೊಂದು, ವಿಚಾರಣೆ. ಮಗು ಒಂದು ಮಾತು ಬಿಟ್ಟುಕೊಟ್ಟ ತಕ್ಷಣ ಹತ್ತು ಪ್ರಶ್ನೆ ಹಾಕುತ್ತಾರೆ, ಸಂಜೆ ಅದನ್ನು ಮನೆಮಂದಿಗೆಲ್ಲ ಹೇಳುತ್ತಾರೆ. ಮರುದಿನ ಮಗು ಅಡುಗೆ ಆಟ ಬಿಟ್ಟು ಬೇರೇನನ್ನೂ ಆಡುವುದಿಲ್ಲ. ಆಡುವಾಗ ನಿಮಗೆ ಅಳು ಬಂದರೆ ಬರಲಿ. ‘ಅಮ್ಮನಿಗೆ ಅಜ್ಜನ ನೆನಪಾಯಿತು, ಸ್ವಲ್ಪ ಹೊತ್ತಿಗೆ ಸರಿಹೋಗುತ್ತದೆ’ ಎಂದು ಹೇಳಿದರೆ ದುಃಖವನ್ನು ಹೇಳಿಕೊಳ್ಳಬಹುದು ಎಂಬುದನ್ನು ಅವಳು ನೋಡಿ ಕಲಿಯುತ್ತಾಳೆ. ಮುಗಿಯಲು ಐದು ನಿಮಿಷ ಇರುವಾಗ ಹೇಳಿ, ಮುಗಿದ ಮೇಲೆ ಸಾಮಾನನ್ನು ಒಂದೇ ಪೆಟ್ಟಿಗೆಯಲ್ಲಿ ಎತ್ತಿಡಿ. ಆಟಕ್ಕೆ ಒಂದು ಮನೆಯಿದೆ, ನಾಳೆಯೂ ಅದು ಅಲ್ಲೇ ಇರುತ್ತದೆ ಎಂಬ ಭರವಸೆ ಮಕ್ಕಳಿಗೆ ಬೇಕು.

ತಮ್ಮನನ್ನು ಚಿವುಟುವುದಕ್ಕೆ ಈ ಸಡಿಲ ಇಲ್ಲ. ಭಾವನೆಗೆ ತಡೆಯಿಲ್ಲ, ಕೈಗೆ ತಡೆಯಿದೆ. ಮೊದಲು ಕೈ ಹಿಡಿದು ತಮ್ಮನನ್ನು ದೂರ ಸರಿಸಿ, ಅವಳ ಎತ್ತರಕ್ಕೆ ಬಾಗಿ: ‘ತಮ್ಮನ ಮೇಲೆ ಸಿಟ್ಟು ಬಂದಿದೆ. ತಮ್ಮನನ್ನು ಚಿವುಟುವ ಹಾಗಿಲ್ಲ. ನಿನ್ನ ಹುಲಿ ಏನು ಹೇಳುತ್ತದೆ, ನನ್ನ ಹತ್ತಿರ ಹೇಳಲಿ.’ ಇದನ್ನು ಪ್ರತಿ ಸಲವೂ ಒಂದೇ ದನಿಯಲ್ಲಿ ಹೇಳಬೇಕು. ತಿರುಗಿ ಹೊಡೆದು ಕಲಿಸಲು ಹೋಗಬೇಡಿ. ಅವಳ ಲೆಕ್ಕದಲ್ಲಿ ನೋಡಿದರೆ ಅಜ್ಜ ಇದ್ದಾಗ ಅವಳಿಗೆ ಪೂರ್ತಿಯಾಗಿ ಒಬ್ಬರಿದ್ದರು, ಎರಡು ವರ್ಷದ ತಮ್ಮನಿಗೆ ಅಮ್ಮ ಈಗಲೂ ಇದ್ದಾಳೆ. ಆ ಸಂಜೆಯ ಹೊತ್ತು ಖಾಲಿ ಬಿದ್ದಿದೆ. ಯಜಮಾನರು ಮೊಬೈಲ್ ಕೊಡುವ ಬದಲು ವಾರಕ್ಕೆ ಎರಡು ಸಂಜೆಯಾದರೂ ಅವಳ ಕೈಹಿಡಿದು ಅದೇ ಅಂಗಡಿಯವರೆಗೆ ನಡೆದು ಬಂದರೆ ನನ್ನ ಹಲವು ಸಲಹೆಗಳಿಗಿಂತ ಹೆಚ್ಚಿನ ಕೆಲಸವಾಗುತ್ತದೆ.

ಹಾಸಿಗೆ ಒದ್ದೆ ಮಾಡುವುದನ್ನು ಮನಸ್ಸಿನ ಖಾತೆಗೇ ಹಾಕಿ ಕೂರಬೇಡಿ. ಆರು ತಿಂಗಳಿಗಿಂತ ಹೆಚ್ಚು ಕಾಲ ನಿಂತು ಮತ್ತೆ ಶುರುವಾದರೆ ಮೊದಲು ಮಕ್ಕಳ ವೈದ್ಯರನ್ನು ಕಂಡು ಮೂತ್ರ ಪರೀಕ್ಷೆ ಮಾಡಿಸಬೇಕು. ಮೂತ್ರದ ಸೋಂಕು, ಮಲಬದ್ಧತೆ ಇವೂ ಕಾರಣವಾಗಬಹುದು. ವಿಪರೀತ ಬಾಯಾರಿಕೆ, ತೂಕ ಇಳಿಯುವುದು ಜೊತೆಗಿದ್ದರೆ ಅಂದೇ ಸಕ್ಕರೆಯ ಪರೀಕ್ಷೆ ಆಗಬೇಕು. ಎಲ್ಲ ಸರಿಯಿದ್ದರೆ ಬೈಯದೆ, ಯಾರೆದುರೂ ಹೇಳದೆ ಬಟ್ಟೆ ಬದಲಿಸಿ ಮಲಗಿಸಿ. ಮನಸ್ಸು ಹಗುರವಾದಂತೆ ಇದು ಹೆಚ್ಚಾಗಿ ತಾನೇ ನಿಲ್ಲುತ್ತದೆ.

ಆಟ ನೆರವಾಗದ ಸಂದರ್ಭಗಳೂ ಇವೆ. 1976ರಲ್ಲಿ ಕ್ಯಾಲಿಫೋರ್ನಿಯಾದ ಚೌಚಿಲ್ಲಾ ಎಂಬ ಊರಿನಲ್ಲಿ 26 ಮಕ್ಕಳಿದ್ದ ಶಾಲಾ ಬಸ್ಸನ್ನು ಅಪಹರಿಸಿ, ಮಕ್ಕಳನ್ನು ನೆಲದಡಿ ಹೂತಿಟ್ಟಿದ್ದ ವಾಹನವೊಂದರಲ್ಲಿ ಕೂಡಿಹಾಕಿದ್ದರು. ಎಲ್ಲರೂ ಬದುಕಿ ಬಂದರು. ಅವರನ್ನು ವರ್ಷಗಳ ಕಾಲ ಗಮನಿಸಿದ ಮನೋವೈದ್ಯೆ ಲೆನೋರ್ ಟೆರ್, ಭಯದಲ್ಲಿ ಸಿಕ್ಕಿಬಿದ್ದ ಆಟದ ಲಕ್ಷಣಗಳನ್ನು ಗುರುತಿಸಿದರು. ಅದರಲ್ಲಿ ನಗುವಿಲ್ಲ, ಬದಲಾವಣೆಯಿಲ್ಲ, ಆಡಿದ ಮೇಲೆ ಸಮಾಧಾನವೂ ಇಲ್ಲ. ನಿಮ್ಮ ಮಗಳ ಆಟದಲ್ಲಿ ನೋಡಬೇಕಾದದ್ದು ಇದನ್ನೇ. ವಾರ ಕಳೆದಂತೆ ಏನಾದರೂ ಹೊಸತು ಸೇರುತ್ತಿದೆಯೇ, ಒಂದು ಪಾತ್ರ, ಒಂದು ಮಾತು, ಅಂಗಡಿಗೆ ಹೋಗುವ ಒಂದು ದಾರಿ? ಆಡಿ ಎದ್ದಾಗ ಅವಳ ಮೈ ಸಡಿಲವಾಗಿರುತ್ತದೆಯೇ, ಇನ್ನಷ್ಟು ಬಿಗಿದಿರುತ್ತದೆಯೇ? ನಿಜ ಹೇಳಿ ಜೊತೆಗೆ ಕುಳಿತು ಆಡಿದ ಮೇಲೂ ಒಂದೂವರೆ ಎರಡು ತಿಂಗಳು ಅಕ್ಷರವೂ ಬದಲಾಗದೆ ಅದೇ ಆಟ ನಡೆದರೆ, ಊಟ ನಿದ್ದೆ ಶಾಲೆ ಕೆಟ್ಟರೆ, ಕಲಿತ ಮಾತು ಬಿಟ್ಟರೆ, ‘ನಾನೂ ಸತ್ತು ಅಜ್ಜನ ಹತ್ತಿರ ಹೋಗುತ್ತೇನೆ’ ಎಂದು ಮತ್ತೆ ಮತ್ತೆ ಹೇಳಿದರೆ ಮನೆಯ ಪ್ರಯತ್ನ ಸಾಲದು. ತನಗೆ ತಾನೇ ನೋವು ಮಾಡಿಕೊಳ್ಳಲು ಹೋದರೆ ಅಂದೇ ವೈದ್ಯರ ಬಳಿ ಕರೆದುಕೊಂಡು ಹೋಗಿ.

ನಿಮ್ಮ ಮನೆಗೆ ಸಂಬಂಧಿಸದಿದ್ದರೂ ಇದನ್ನು ಓದುವ ಇತರ ತಾಯಂದಿರಿಗಾಗಿ ಒಂದು ಮಾತು. ಮಗು ಆಟದಲ್ಲಿ ವಯಸ್ಸಿಗೆ ಮೀರಿದ ಲೈಂಗಿಕ ವರ್ತನೆಯನ್ನು, ಬಲವಂತವನ್ನು ತೋರಿಸಿದರೆ ಕೆದಕಿ ಕೆದಕಿ ಕೇಳಬೇಡಿ, ಬೈಯಬೇಡಿ. ಹೇಳಿದ್ದನ್ನು ಅದೇ ಮಾತುಗಳಲ್ಲಿ ಬರೆದಿಟ್ಟು ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಿ. ದೌರ್ಜನ್ಯದ ಅನುಮಾನವಿದ್ದರೆ ತಿಳಿಸಲೇಬೇಕು ಎನ್ನುತ್ತದೆ ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ 2012ರ ಪೋಕ್ಸೊ ಕಾಯ್ದೆ.

ದಾವಣಗೆರೆಯಲ್ಲಿ ಚಿಗಟೇರಿ ಜಿಲ್ಲಾ ಆಸ್ಪತ್ರೆಯ ಮನೋವೈದ್ಯ ವಿಭಾಗದಿಂದ ಆರಂಭಿಸಬಹುದು. ಕರೆದುಕೊಂಡು ಹೋಗಲು ಮನೆಯವರು ಒಪ್ಪದಿದ್ದರೆ ಟೆಲಿ ಮಾನಸ್ 14416ಕ್ಕೆ ನೀವೇ ಕರೆ ಮಾಡಿ. 2022ರಲ್ಲಿ ಶುರುವಾದ ಸರ್ಕಾರದ ಉಚಿತ ಮಾನಸಿಕ ಆರೋಗ್ಯ ಸಹಾಯವಾಣಿ ಇದು, ಹಗಲು ರಾತ್ರಿ ಇರುತ್ತದೆ, ಕನ್ನಡದಲ್ಲೇ ಮಾತನಾಡಬಹುದು. ಬೇಕೆನಿಸಿದರೆ ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಮಕ್ಕಳ ಮನೋವೈದ್ಯಕ್ಕೆ ಪ್ರತ್ಯೇಕ ವಿಭಾಗವೇ ಇದೆ. ಆಟದ ಚಿಕಿತ್ಸೆ ಎಂಬ ಬೋರ್ಡ್ ಹಾಕಿದವರೆಲ್ಲ ಅದನ್ನು ಕಲಿತವರಲ್ಲ. ಕ್ಲಿನಿಕಲ್ ಸೈಕಾಲಜಿಸ್ಟ್ ಎಂದು ಹೇಳಿಕೊಳ್ಳುವವರಿಗೆ ಭಾರತೀಯ ಪುನರ್ವಸತಿ ಪರಿಷತ್ತಿನ ನೋಂದಣಿ ಇದೆಯೇ ಎಂದು ಸಂಕೋಚವಿಲ್ಲದೆ ಕೇಳಿ. ತಂದೆತಾಯಿಯನ್ನು ಹೊರಗೇ ಕೂರಿಸಿ, ಏನು ನಡೆಯುತ್ತಿದೆ ಎಂದು ತಿಂಗಳಾದರೂ ಹೇಳದವರ ಬಳಿ ಮುಂದುವರಿಯಬೇಡಿ.

ಸಮಾಧಿಯ ಬಳಿಗೆ ಕರೆದುಕೊಂಡು ಹೋಗಬಹುದೇ ಎಂದು ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ನಿಜ ಹೇಳಿ ಕೆಲವು ದಿನ ಕಳೆದ ಮೇಲೆ ಅವಳಿಗೆ ಮನಸ್ಸಿದೆಯೇ ಎಂದು ಕೇಳಿ, ಇದ್ದರೆ ಹಗಲಿನಲ್ಲಿ, ಸಾಧ್ಯವಾದರೆ ಅಜ್ಜಿಯ ಜೊತೆಗೇ ಕರೆದುಕೊಂಡು ಹೋಗಿ. ಒಲ್ಲೆ ಎಂದರೆ ಒತ್ತಾಯ ಬೇಡ. ಅವಳ ಶಿಕ್ಷಕಿಗೂ ಮನೆಯಲ್ಲಿ ಸಾವಾಗಿದೆ ಎಂಬುದನ್ನು ತಿಳಿಸಿ, ತರಗತಿಯಲ್ಲಿ ಈ ಆಟ ಕಂಡರೆ ಗದರದಿರಲಿ. ಮೂತ್ರ ಪರೀಕ್ಷೆಯನ್ನು ಈ ವಾರವೇ ಮಾಡಿಸಿ. ಆಟಕ್ಕೆ ಕುಳಿತ ದಿನಗಳಲ್ಲಿ ಹೊಸದಾಗಿ ಏನು ಬಂತು, ಎದ್ದಾಗ ಹೇಗಿದ್ದಳು ಎಂದು ಒಂದೆರಡು ಸಾಲು ಬರೆದಿಟ್ಟುಕೊಳ್ಳಿ. ಆರು ವಾರದ ಆ ಟಿಪ್ಪಣಿಯೊಂದಿಗೆ ನನಗೆ ಮತ್ತೆ ಬರೆಯಿರಿ. ವೈದ್ಯರ ಬಳಿ ಹೋಗಬೇಕಾಗಿ ಬಂದರೂ ಅವರು ಮೊದಲು ಕೇಳುವುದು ಅದನ್ನೇ.